ಶಾಪ ಅಲ್ಲ ಸ್ವಾಮಿ, ಅದು 32 ವರ್ಷದ ಲೆಕ್ಕ

2024ರ ಜನವರಿ 15, ಸೋಮವಾರ. ಸಂಕ್ರಾಂತಿ. ನ್ಯೂಸ್ ಚಾನೆಲ್‌ನಲ್ಲಿ ಕೆಲಸ ಮಾಡೋರಿಗೆ ಹಬ್ಬ ಅಂದ್ರೆ ಏನು ಗೊತ್ತಾ? ಮನೆಯಿಂದ ಡಬ್ಬಿಯಲ್ಲಿ ತಂದ ಎಳ್ಳು ಬೆಲ್ಲವನ್ನ ಡೆಸ್ಕ್‌ನಿಂದ ಡೆಸ್ಕ್‌ಗೆ ಹಂಚೋದು, ಅಷ್ಟೆ. ಬೆಳಗ್ಗೆ ಹತ್ತರ ಹತ್ತಿರ ಇರಬಹುದು, ವಿದೇಶಿ ಏಜೆನ್ಸಿಯ ಫೀಡ್‌ನಲ್ಲಿ ಒಂದು ದೃಶ್ಯ ಬಂತು. ದೊಡ್ಡ ಸ್ಟೇಡಿಯಂ, ನೀಲಿ ಅಂಗಿ ತೊಟ್ಟ ಸಾವಿರಾರು ಜನ. ಕುಣೀತಿದ್ದವರು ಹುಡುಗರು. ಅಳ್ತಾ ಇದ್ದವರು ಅರವತ್ತು ಎಪ್ಪತ್ತು ದಾಟಿದ ಮುದುಕರು. ಒಬ್ಬರಲ್ಲ ಇಬ್ಬರಲ್ಲ, ಸಾಲು ಸಾಲಾಗಿ ನಿಂತು ಅಳ್ತಿದ್ದರು.

ಏನಾಯ್ತು ಅಂತ ವಿಚಾರಿಸಿದ್ರೆ, ಡೆಟ್ರಾಯಿಟ್ ಲಯನ್ಸ್ ಅನ್ನೋ ಅಮೆರಿಕನ್ ಫುಟ್‌ಬಾಲ್ ತಂಡ ಒಂದು ಪ್ಲೇಆಫ್ ಪಂದ್ಯ ಗೆದ್ದಿದೆ. ಕಪ್ ಅಲ್ಲ. ಫೈನಲ್ ಕೂಡ ಅಲ್ಲ. ಪ್ಲೇಆಫ್‌ನ ಮೊದಲ ಸುತ್ತು, ಅಷ್ಟೆ. ಹಿಂದಿನ ಪ್ಲೇಆಫ್ ಗೆಲುವು ಬಂದಿದ್ದು 1992ರ ಜನವರಿ 5ಕ್ಕೆ. ನಡುವೆ 11,697 ದಿನ.

ಡೆಸ್ಕ್‌ನ ಹುಡುಗನೊಬ್ಬ, "ನಮ್ಮ ಆರ್‌ಸಿಬಿ ಥರ ಅಲ್ವಾ ಸಾರ್?" ಅಂದ. ಅಲ್ಲಪ್ಪಾ, ಆರ್‌ಸಿಬಿ ಅಷ್ಟೊತ್ತಿಗೆ ಮೂರು ಐಪಿಎಲ್ ಫೈನಲ್ ಆಡಿತ್ತು. ಇವರು ಫೈನಲ್‌ನ ಬಾಗಿಲನ್ನೇ ನೋಡಿದವರಲ್ಲ ಅಂದೆ. ಆಮೇಲೆ ನಾನೇನು ಮಾಡಿದೆ? ಮಧ್ಯಾಹ್ನದ ಬುಲೆಟಿನ್‌ನಲ್ಲಿ ಅರ್ಧ ನಿಮಿಷದ ಸುದ್ದಿ ಓದಿದೆ. ಪರದೆ ಮೇಲೆ ದಪ್ಪ ಅಕ್ಷರ: "32 ವರ್ಷದ ಶಾಪ ವಿಮೋಚನೆ!" ಆ ಸಾಲು ಬರೆದವನು ನಾನೇ. ಆ ಸಾಲು ತಪ್ಪು. ಯಾಕೆ ತಪ್ಪು ಅನ್ನೋದನ್ನ ಹೇಳೋಕೇ ಈ ಬರಹ.

ಮೊದಲು ಆಟದ ಬಗ್ಗೆ ಎರಡು ಮಾತು. ಹೆಸರು ಫುಟ್‌ಬಾಲ್ ಅಂತಿದ್ರೂ ಇದು ಹೆಚ್ಚಾಗಿ ಕೈಯಲ್ಲಿ ಆಡೋ ಆಟ. ಮೊಟ್ಟೆಯಾಕಾರದ ಚೆಂಡು. ನಾಲ್ಕು ಪ್ರಯತ್ನದೊಳಗೆ ಹತ್ತು ಗಜ ಮುಂದೆ ಹೋಗಬೇಕು, ಹೋದ್ರೆ ಮತ್ತೆ ನಾಲ್ಕು ಪ್ರಯತ್ನ ಸಿಗುತ್ತೆ. ಹೀಗೆ ಎದುರಾಳಿಯ ಗಡಿ ದಾಟಬೇಕು. ಚೆಂಡು ಎಸೆದು ಇಡೀ ಆಟ ನಡೆಸೋನು ಕ್ವಾರ್ಟರ್‌ಬ್ಯಾಕ್. ಎನ್‌ಎಫ್‌ಎಲ್ ಅನ್ನೋ ಲೀಗ್‌ನಲ್ಲಿ 32 ತಂಡ. ಲೀಗ್ ಹಂತದಲ್ಲಿ ಚೆನ್ನಾಗಿ ಆಡಿದ ತಂಡಗಳಿಗೆ ಪ್ಲೇಆಫ್. ಅಲ್ಲಿ ಒಂದು ಸೋತ್ರೆ ಮನೆಗೆ. ಕೊನೆಗೆ ಉಳಿದ ಎರಡು ತಂಡ ಆಡೋದು ಸೂಪರ್ ಬೌಲ್.

ಲಯನ್ಸ್ ಮೊದಲಿಂದಲೂ ಬಡಪಾಯಿ ತಂಡ ಅಂದ್ಕೋಬೇಡಿ. ಒಹಾಯೋ ರಾಜ್ಯದ ಪೋರ್ಟ್ಸ್‌ಮತ್ ಅನ್ನೋ ಸಣ್ಣ ಊರಲ್ಲಿದ್ದ ಈ ತಂಡ 1934ರಲ್ಲಿ ಡೆಟ್ರಾಯಿಟ್‌ಗೆ ಬಂತು. ಮರು ವರ್ಷವೇ ಚಾಂಪಿಯನ್. 1952, 1953, 1957ರಲ್ಲಿ ಮತ್ತೆ ಚಾಂಪಿಯನ್. 1957ರ ಡಿಸೆಂಬರ್ ಫೈನಲ್‌ನಲ್ಲಿ ಕ್ಲೀವ್‌ಲ್ಯಾಂಡ್ ತಂಡವನ್ನ ಹೊಡೆದದ್ದು 59-14ರಲ್ಲಿ. ಆಗ ಡೆಟ್ರಾಯಿಟ್ ಅಂದ್ರೆ ಜಗತ್ತಿನ ಕಾರಿನ ರಾಜಧಾನಿ. 1950ರಲ್ಲಿ ಆ ನಗರದ ಜನಸಂಖ್ಯೆ ಹದಿನೆಂಟೂವರೆ ಲಕ್ಷ. ಕೈತುಂಬ ಸಂಬಳ, ಮನೆ ಮುಂದೆ ಕಾರು, ಗೆಲ್ಲೋ ತಂಡ. ಇನ್ನೇನು ಬೇಕು?

ಇಲ್ಲಿಂದಲೇ ಶಾಪದ ಕಥೆ ಶುರು. ಆ ಗೆಲುವುಗಳ ನಾಯಕ ಬಾಬಿ ಲೇನ್ ಅನ್ನೋ ಕ್ವಾರ್ಟರ್‌ಬ್ಯಾಕ್. 1958ರ ಅಕ್ಟೋಬರ್‌ನಲ್ಲಿ ಸೀಸನ್ ನಡೀತಿರುವಾಗಲೇ ಅವನನ್ನ ಪಿಟ್ಸ್‌ಬರ್ಗ್ ತಂಡಕ್ಕೆ ದಾಟಿಸಿಬಿಟ್ರು. ಹೊರಡುವಾಗ ಲೇನ್, "ಇನ್ನು ಐವತ್ತು ವರ್ಷ ಈ ತಂಡ ಗೆಲ್ಲಲ್ಲ" ಅಂತ ಶಪಿಸಿ ಹೋದ ಅನ್ನೋದು ದಂತಕಥೆ. 1958ಕ್ಕೆ ಐವತ್ತು ಕೂಡಿಸಿ. 2008. ಆ ವರ್ಷ ಏನಾಯ್ತು ಅಂತ ಮುಂದೆ ಹೇಳ್ತೀನಿ, ಕೇಳಿದ್ರೆ ನಿಮಗೂ ಶಾಪ ಇರಬಹುದೇನೋ ಅನ್ನಿಸುತ್ತೆ. ನಮ್ಮಂಥ ಟೀವಿಯವರಿಗೆ ಇದಕ್ಕಿಂತ ಒಳ್ಳೇ ಸರಕು ಎಲ್ಲಿ ಸಿಗುತ್ತೆ ಹೇಳಿ!

ಆದ್ರೆ ಶಾಪದ ಪಕ್ಕದಲ್ಲೇ ಇನ್ನೊಂದು ತಾರೀಖಿದೆ. 1963ರ ನವೆಂಬರ್ 22. ಅಧ್ಯಕ್ಷ ಕೆನಡಿ ಹತ್ಯೆಯಾದ ದಿನ. ಅದೇ ದಿನ ಲಯನ್ಸ್ ತಂಡವನ್ನ ವಿಲಿಯಂ ಕ್ಲೇ ಫೋರ್ಡ್‌ಗೆ ಮಾರೋ ವ್ಯವಹಾರಕ್ಕೆ ಒಪ್ಪಿಗೆ ಬಿತ್ತು. ಕಾರು ಕಂಪನಿ ಕಟ್ಟಿದ ಹೆನ್ರಿ ಫೋರ್ಡ್‌ನ ಮೊಮ್ಮಗ. 1964ರಿಂದ 2014ರ ಮಾರ್ಚ್‌ನಲ್ಲಿ ತೀರಿಕೊಳ್ಳೋವರೆಗೂ ಅವರೇ ಮಾಲೀಕರು. ಐವತ್ತು ವರ್ಷದಲ್ಲಿ ಎಷ್ಟು ಪ್ಲೇಆಫ್ ಪಂದ್ಯ ಗೆದ್ದರು ಗೊತ್ತಾ? ಒಂದು. ಒಂದೇ ಒಂದು.

ಆ ಒಂದು ಗೆಲುವು ಎಂಥದ್ದು ಅನ್ನೋದನ್ನೂ ಹೇಳಬೇಕು. 1991ರ ಸೀಸನ್. ನವೆಂಬರ್ 17ರ ಪಂದ್ಯದಲ್ಲಿ ಮೈಕ್ ಅಟ್ಲಿ ಅನ್ನೋ ಆಟಗಾರ ಕುತ್ತಿಗೆಗೆ ಪೆಟ್ಟು ಬಿದ್ದು ನೆಲಕ್ಕೊರಗಿದ. ಬೆನ್ನುಹುರಿಗೆ ಏಟು. ಸ್ಟ್ರೆಚರ್ ಮೇಲೆ ಹೊತ್ತೊಯ್ಯುವಾಗ ಆತ ಹೆಬ್ಬೆರಳು ಎತ್ತಿ ತೋರಿಸಿದ. ಆ ಹೆಬ್ಬೆರಳೇ ತಂಡದ ಗುರುತಾಯ್ತು. ಆಮೇಲೆ ಲೀಗ್ ಹಂತದಲ್ಲಿ ಲಯನ್ಸ್ ಒಂದೂ ಪಂದ್ಯ ಸೋಲಲಿಲ್ಲ. ಜನವರಿ 5ಕ್ಕೆ ಡೆಟ್ರಾಯಿಟ್ ಪಕ್ಕದ ಪಾಂಟಿಯಾಕ್‌ನಲ್ಲಿ ಡಲ್ಲಾಸ್ ಕೌಬಾಯ್ಸ್ ತಂಡವನ್ನ 38-6ರಲ್ಲಿ ಬಡಿದು ಹಾಕ್ತು. ಮುಂದಿನ ವಾರ ವಾಷಿಂಗ್ಟನ್ ಎದುರು 41-10ರಲ್ಲಿ ಸೋತ್ರೂ ಜನ ಬೇಜಾರಾಗಲಿಲ್ಲ. ಹುಡುಗರ ತಂಡ, ಇನ್ನೂ ಹತ್ತು ವರ್ಷ ಇವರದ್ದೇ ಕಾಲ ಅಂದ್ಕೊಂಡ್ರು. ಆ ಬೇಸಿಗೆಯಲ್ಲೇ ಎರಿಕ್ ಆಂಡೋಲ್‌ಸೆಕ್ ಅನ್ನೋ ಆಟಗಾರ ತನ್ನ ಮನೆ ಅಂಗಳದಲ್ಲಿದ್ದಾಗ ಹಾದಿ ತಪ್ಪಿ ಬಂದ ಟ್ರಕ್ ಬಡಿದು ತೀರಿಕೊಂಡ. ದುರಂತ ಅಂದ್ರೆ ಇದು. ಇದಕ್ಕೆ ಯಾರನ್ನೂ ದೂರೋಕಾಗಲ್ಲ. ಆದ್ರೆ ಮುಂದಿನದ್ದು ಹಾಗಲ್ಲ.

ಆ ತಂಡದಲ್ಲಿದ್ದ ಬ್ಯಾರಿ ಸ್ಯಾಂಡರ್ಸ್. ಚೆಂಡು ಹಿಡಿದು ಓಡ್ತಾ ಇದ್ರೆ ಎದುರಾಳಿಗಳು ಗಾಳಿ ಹಿಡೀತಿದ್ರು, ಅಂಥ ಆಟಗಾರ. 1997ರ ಒಂದೇ ಸೀಸನ್‌ನಲ್ಲಿ 2,053 ಗಜ ಓಡಿದ. ವಾಲ್ಟರ್ ಪೇಟನ್ ಹೆಸರಲ್ಲಿದ್ದ ಸಾರ್ವಕಾಲಿಕ ದಾಖಲೆ ಮುರಿಯೋಕೆ ಇನ್ನು 1,458 ಗಜ ಸಾಕಿತ್ತು. ಅವನಿಗೆ ಅದು ಒಂದು ವರ್ಷದ ಕೆಲಸ. 1999ರ ಜುಲೈನಲ್ಲಿ ಹುಟ್ಟೂರಿನ ಪತ್ರಿಕೆಗೆ ಒಂದು ಫ್ಯಾಕ್ಸ್ ಕಳಿಸಿದ. ನಾನು ಇನ್ನು ಆಡಲ್ಲ. ಮುಗೀತು. ವಯಸ್ಸು 31. ಕಾಲು ಗಟ್ಟಿಯಾಗಿತ್ತು, ಸಂಬಳ ಕೋಟಿಗಳಲ್ಲಿತ್ತು. ಸೋಲೇ ಅಭ್ಯಾಸ ಆಗಿಹೋದ ತಂಡದಲ್ಲಿ ಆಡೋ ಮನಸ್ಸು ಉಳಿದಿರಲಿಲ್ಲ ಅಂತ ಆಮೇಲೆ ಹೇಳಿಕೊಂಡ. ತಂಡ ಏನು ಮಾಡ್ತು? ಯಾಕಪ್ಪಾ ಹೋದೆ ಅಂತ ತನ್ನನ್ನ ತಾನು ಕೇಳಿಕೊಳ್ಳೋ ಬದಲು, ಕೊಟ್ಟ ಬೋನಸ್‌ನಲ್ಲಿ ಒಂದು ಭಾಗ ವಾಪಸ್ ಕೊಡು ಅಂತು.

ಇಲ್ಲೊಂದು ಮುಖ್ಯ ವಿಷಯ. ಎನ್‌ಎಫ್‌ಎಲ್‌ನಲ್ಲಿ ವರ್ಷಗಟ್ಟಲೆ ಸೋಲೋದು ಸುಲಭ ಅಲ್ಲ ಸ್ವಾಮಿ! ತಮಾಷೆಗೆ ಹೇಳ್ತಿಲ್ಲ. ಆ ಲೀಗ್‌ನ ನಿಯಮಗಳೇ ಸೋತವನನ್ನ ಎತ್ತೋ ಹಾಗಿವೆ. ಪ್ರತಿ ವರ್ಷ ಕಾಲೇಜಿನಿಂದ ಬರೋ ಹೊಸ ಹುಡುಗರಲ್ಲಿ ಮೊದಲ ಆಯ್ಕೆ ಯಾರಿಗೆ? ಕಳೆದ ವರ್ಷ ಎಲ್ಲರಿಗಿಂತ ಕೆಟ್ಟದಾಗಿ ಆಡಿದ ತಂಡಕ್ಕೆ. ಟೀವಿ ಹಕ್ಕಿನ ದುಡ್ಡು ಎಲ್ಲರಿಗೂ ಸಮಪಾಲು. 1994ರಿಂದ ಆಟಗಾರರ ಒಟ್ಟು ಸಂಬಳಕ್ಕೂ ಮಿತಿ ಇದೆ, ಶ್ರೀಮಂತ ತಂಡ ಎಲ್ಲರನ್ನೂ ಕೊಂಡುಕೊಳ್ಳೋ ಹಾಗಿಲ್ಲ. ಇಷ್ಟೆಲ್ಲ ಇದ್ದೂ 32 ವರ್ಷ ಸೋಲ್ತಾರೆ ಅಂದ್ರೆ?

ಅದೇ ನಿಯಮದ ಇನ್ನೊಂದು ಮುಖ ನೋಡಿ. ಯುರೋಪಿನ ಫುಟ್‌ಬಾಲ್‌ನಲ್ಲಿ ಕೊನೇ ಸ್ಥಾನಕ್ಕೆ ಬಿದ್ದ ತಂಡವನ್ನ ಕೆಳಗಿನ ದರ್ಜೆಗೆ ತಳ್ತಾರೆ. ಎನ್‌ಎಫ್‌ಎಲ್‌ನಲ್ಲಿ ಅದಿಲ್ಲ. ಸೋತ್ರೂ ಟೀವಿ ದುಡ್ಡು ಬರುತ್ತೆ. 1934ರಿಂದ ಪ್ರತಿ ಥ್ಯಾಂಕ್ಸ್‌ಗಿವಿಂಗ್ ಹಬ್ಬಕ್ಕೆ ಡೆಟ್ರಾಯಿಟ್‌ನಲ್ಲಿ ಲಯನ್ಸ್ ಪಂದ್ಯ ಇರಲೇಬೇಕು ಅನ್ನೋ ಸಂಪ್ರದಾಯ ಬೇರೆ. ಮಧ್ಯೆ ಯುದ್ಧದ ಕೆಲವು ವರ್ಷ ಬಿಟ್ರೆ ತಪ್ಪಿಲ್ಲ. ಇಡೀ ದೇಶ ಊಟದ ಮುಂದೆ ಕೂತು ಇವರ ಸೋಲು ನೋಡುತ್ತೆ. ಸೋತಾಗ ಮಾಲೀಕನಿಗೆ ನಷ್ಟ ಇಲ್ಲ. ನಷ್ಟ ಯಾರಿಗೆ? ಟಿಕೆಟ್ ತಗೊಂಡು ಬಂದು ಕೂತವನಿಗೆ.

ಈಗ 2001ಕ್ಕೆ ಬನ್ನಿ. ತಂಡದ ಇಡೀ ಆಡಳಿತವನ್ನ ಮ್ಯಾಟ್ ಮಿಲನ್ ಅನ್ನೋರ ಕೈಗೆ ಕೊಟ್ರು. ಆಟಗಾರನಾಗಿ ನಾಲ್ಕು ಸೂಪರ್ ಬೌಲ್ ಗೆದ್ದವರು, ಅದನ್ನ ಯಾರೂ ಕಿತ್ಕೊಳ್ಳೋಕಾಗಲ್ಲ. ಆದ್ರೆ ತಂಡ ಕಟ್ಟೋ ಕೆಲಸ ಅವರು ಮಾಡಿರಲೇ ಇಲ್ಲ. ಅದಕ್ಕೆ ಮುಂಚೆ ಏನಾಗಿದ್ರು? ಟೀವಿ ಕಾಮೆಂಟೇಟರ್! ನನ್ನ ಕಸುಬಿನವರೇ. ಸ್ಟುಡಿಯೋದಲ್ಲಿ ಕೂತು ಹೀಗೆ ಮಾಡಬೇಕಿತ್ತು ಹಾಗೆ ಮಾಡಬೇಕಿತ್ತು ಅನ್ನೋದಕ್ಕೂ ಮಾಡಿ ತೋರಿಸೋದಕ್ಕೂ ಎಷ್ಟು ದೂರ ಅನ್ನೋದು ದಿನಾ ರಾತ್ರಿ ಸರ್ಕಾರಕ್ಕೆ ಬುದ್ಧಿ ಹೇಳೋ ನನಗೆ ಚೆನ್ನಾಗಿ ಗೊತ್ತು.

ಮೊದಲ ನಾಲ್ಕು ವರ್ಷ, 64 ಪಂದ್ಯ. ಗೆದ್ದದ್ದು 16. ಯಾವ ಅಂಗಡಿಯಲ್ಲಾದ್ರೂ ಇಂಥ ಮ್ಯಾನೇಜರ್‌ನ ಇಟ್ಕೋತಾರಾ? ಫೋರ್ಡ್ ಸಾಹೇಬರು 2005ರಲ್ಲಿ ಅವರ ಒಪ್ಪಂದವನ್ನ ಮುಂದುವರಿಸಿದ್ರು. ಜನ ಸುಮ್ಮನಿರಲಿಲ್ಲ. ಮಿಲನ್‌ನ ತೆಗೀರಿ ಅನ್ನೋ ಕೂಗು ಡೆಟ್ರಾಯಿಟ್‌ನಲ್ಲಿ ಬಾಸ್ಕೆಟ್‌ಬಾಲ್ ಪಂದ್ಯದಲ್ಲೂ ಕೇಳಿಸ್ತಿತ್ತು. ಅದೇ ವರ್ಷದ ಡಿಸೆಂಬರ್‌ನಲ್ಲಿ ಸಿನ್ಸಿನಾಟಿ ತಂಡ ಆಡೋಕೆ ಬಂದಾಗ ಅಭಿಮಾನಿಗಳು ಎದುರಾಳಿಯ ಕಿತ್ತಳೆ ಬಣ್ಣ ತೊಟ್ಟು ಸ್ವಂತ ಸ್ಟೇಡಿಯಂಗೆ ಬಂದ್ರು. ತನ್ನ ತಂಡಕ್ಕೆ ಬೇಸರ ತಿಳಿಸೋಕೆ ಇದಕ್ಕಿಂತ ನೇರವಾದ ದಾರಿ ಇದೆಯಾ? ಆದ್ರೂ ಮೇಲಿನವರ ಕಿವಿಗೆ ಬೀಳಲಿಲ್ಲ. 2008ರ ಸೆಪ್ಟೆಂಬರ್‌ನಲ್ಲಿ ಮಾಲೀಕರ ಮಗ ಬಿಲ್ ಫೋರ್ಡ್ ಜೂನಿಯರ್ ಅವರೇ ಬಹಿರಂಗವಾಗಿ, ನನ್ನ ಕೈಯಲ್ಲಿದ್ದಿದ್ರೆ ತೆಗೀತಿದ್ದೆ ಅನ್ನೋ ಅರ್ಥದ ಮಾತಾಡಿದ್ರು. ಎರಡೇ ದಿನಕ್ಕೆ ಮಿಲನ್ ಹೊರಗೆ. ಒಟ್ಟು ಲೆಕ್ಕ: 115 ಪಂದ್ಯ, 31 ಗೆಲುವು, 84 ಸೋಲು.

ಆದ್ರೆ ಕಾಲ ಮಿಂಚಿತ್ತು. 2008ರಲ್ಲಿ 16 ಪಂದ್ಯಕ್ಕೆ 16 ಸೋಲು. ಎನ್‌ಎಫ್‌ಎಲ್ ಇತಿಹಾಸದಲ್ಲೇ ಮೊದಲ ಸಲ. ಒಂದು ಪಂದ್ಯದಲ್ಲಂತೂ ಲಯನ್ಸ್‌ನ ಕ್ವಾರ್ಟರ್‌ಬ್ಯಾಕ್ ಎದುರಾಳಿಯಿಂದ ತಪ್ಪಿಸಿಕೊಳ್ಳೋ ಭರದಲ್ಲಿ ತಮ್ಮ ಕಡೆಯ ಅಂಗಳದ ಹಿಂದಿನ ಗೆರೆಯನ್ನೇ ದಾಟಿ ಓಡಿದ. ನಿಯಮದ ಪ್ರಕಾರ ಎದುರಾಳಿಗೆ 2 ಅಂಕ. ಪಂದ್ಯ ಸೋತಿದ್ದು 12-10ರಲ್ಲಿ. ಎಷ್ಟರಿಂದ? ಎರಡರಿಂದ!

ಬಾಬಿ ಲೇನ್‌ನ ಐವತ್ತನೇ ವರ್ಷ ಇದೇ. ನಗರದ ಸ್ಥಿತಿ ನೋಡಿ. ಅದೇ ನವೆಂಬರ್‌ನಲ್ಲಿ ಡೆಟ್ರಾಯಿಟ್‌ನ ಮೂರು ದೊಡ್ಡ ಕಾರು ಕಂಪನಿಗಳ ಮುಖ್ಯಸ್ಥರು ವಾಷಿಂಗ್ಟನ್‌ನಲ್ಲಿ ಸಂಸದರ ಮುಂದೆ ನೆರವು ಕೇಳ್ತಾ ಕೂತಿದ್ರು. 2009ರಲ್ಲಿ ಕ್ರೈಸ್ಲರ್ ಮತ್ತು ಜನರಲ್ ಮೋಟಾರ್ಸ್ ದಿವಾಳಿ ಅರ್ಜಿ ಹಾಕಿದ್ವು. 2013ರ ಜುಲೈನಲ್ಲಿ ನಗರವೇ ದಿವಾಳಿ. ಸಾಲ ಸುಮಾರು 1,800 ಕೋಟಿ ಡಾಲರ್. ಒಂದು ಕಾಲಕ್ಕೆ ಹದಿನೆಂಟೂವರೆ ಲಕ್ಷ ಇದ್ದ ಜನಸಂಖ್ಯೆ 2020ರ ಗಣತಿಯಲ್ಲಿ 6,39,111. ಲಯನ್ಸ್ ಆ ಕೊನೇ ಗೆಲುವು ಕಂಡ ಪಾಂಟಿಯಾಕ್ ಸ್ಟೇಡಿಯಂ 2009ರಲ್ಲಿ ಹರಾಜಾಗಿದ್ದು ಬರೀ 5,83,000 ಡಾಲರ್‌ಗೆ. 2017ರ ಡಿಸೆಂಬರ್‌ನಲ್ಲಿ ಸ್ಫೋಟಕ ಇಟ್ಟು ಅದನ್ನ ಕೆಡವೋಕೆ ಹೋದ್ರೆ ಮೊದಲ ಪ್ರಯತ್ನಕ್ಕೆ ಬೀಳಲೇ ಇಲ್ಲ! ಮರುದಿನ ಮತ್ತೆ ಸಿಡಿಸಬೇಕಾಯ್ತು.

ಈ ಊರು ನಮಗೆ ತೀರಾ ಹೊರಗಿನದ್ದೂ ಅಲ್ಲ. ಕಾರು ಉದ್ಯಮಕ್ಕೆ ಅಂತ ಹೋದ ಕನ್ನಡದ ಎಂಜಿನಿಯರ್‌ಗಳು ಆ ನಗರದ ಸುತ್ತಲಿನ ಟ್ರಾಯ್, ನೋವೈ ಮೊದಲಾದ ಊರುಗಳಲ್ಲಿ ಎಷ್ಟೋ ವರ್ಷದಿಂದ ಇದ್ದಾರೆ. ಅಲ್ಲೊಂದು ಪಂಪ ಕನ್ನಡ ಕೂಟ ಇದೆ. 2002ರ ಅಕ್ಕ ವಿಶ್ವ ಕನ್ನಡ ಸಮ್ಮೇಳನ ನಡೆದದ್ದೂ ಡೆಟ್ರಾಯಿಟ್‌ನಲ್ಲೇ. ಲಯನ್ಸ್‌ನ ಈಗಿನ ಸ್ಟೇಡಿಯಂ ಫೋರ್ಡ್ ಫೀಲ್ಡ್ ಶುರುವಾದದ್ದೂ ಅದೇ ವರ್ಷ.

ಸೋತವನಿಗೆ ಮೊದಲ ಆಯ್ಕೆ ಅಂದೆನಲ್ಲ, 2009ರಲ್ಲಿ ಹಾಗೆ ಸಿಕ್ಕಿದವನು ಮ್ಯಾಥ್ಯೂ ಸ್ಟ್ಯಾಫರ್ಡ್. ಓದಿದ್ದು ಡಲ್ಲಾಸ್‌ನ ಹೈಲ್ಯಾಂಡ್ ಪಾರ್ಕ್ ಹೈಸ್ಕೂಲ್‌ನಲ್ಲಿ. ಬಾಬಿ ಲೇನ್ ಓದಿದ್ದೂ ಅಲ್ಲೇ! ಶಾಪ ತೀರಿತು ಅಂತ ಜನ ಕುಣಿದ್ರು. ತೀರಿತಾ? ಹನ್ನೆರಡು ಸೀಸನ್ ಮೈಮುರಿದು ಆಡಿದ. ಮೂರು ಪ್ಲೇಆಫ್, ಮೂರೂ ಸೋಲು. 2015ರ ಜನವರಿಯಲ್ಲಿ ಡಲ್ಲಾಸ್ ಎದುರು 20-17ರಲ್ಲಿ ಮುಂದಿದ್ದಾಗ ರೆಫರಿ ಎದುರಾಳಿ ಮೇಲೆ ಫೌಲ್ ಬಾವುಟ ಎಸೆದು, ಆಮೇಲೆ ಅದನ್ನ ಎತ್ತಿಕೊಂಡು ಫೌಲೇ ಇಲ್ಲ ಅಂದುಬಿಟ್ರು. ಪಂದ್ಯ 24-20ಕ್ಕೆ ಕೈತಪ್ಪಿತು. 1992ರಿಂದ ಲೆಕ್ಕ ಹಾಕಿದ್ರೆ ಒಟ್ಟು ಒಂಬತ್ತು ಪ್ಲೇಆಫ್ ಸೋಲು, ಒಂದರ ಹಿಂದೆ ಒಂದು. ಕ್ಯಾಲ್ವಿನ್ ಜಾನ್ಸನ್ ಅನ್ನೋ ಇನ್ನೊಬ್ಬ ದೈತ್ಯ 30ನೇ ವಯಸ್ಸಿಗೇ ನಿವೃತ್ತಿ ಅಂದ. ಅವನಿಂದಲೂ ಬೋನಸ್ ವಾಪಸ್! ಹದಿನೇಳು ವರ್ಷ ಆದ್ರೂ ಪಾಠ ಕಲಿಯಲಿಲ್ಲ.

ಹಾಗಾದ್ರೆ ಬದಲಾದದ್ದು ಏನು? 2020ರಲ್ಲಿ ಮಾಲಿಕತ್ವ ಮಗಳು ಶೀಲಾ ಫೋರ್ಡ್ ಹ್ಯಾಂಪ್ ಕೈಗೆ ಬಂತು. ಬಂದ ಐದೇ ತಿಂಗಳಲ್ಲಿ ಮ್ಯಾನೇಜರ್, ಕೋಚ್ ಇಬ್ಬರನ್ನೂ ಮನೆಗೆ ಕಳಿಸಿದ್ರು. ಆಟಗಾರರನ್ನ ಹುಡುಕೋ ಕೆಲಸದಲ್ಲೇ ಪಳಗಿದ ಬ್ರಾಡ್ ಹೋಮ್ಸ್ ಮ್ಯಾನೇಜರ್ ಆದ್ರು. ಕೋಚ್ ಆಗಿ ಡ್ಯಾನ್ ಕ್ಯಾಂಬೆಲ್. 2008ರ ಆ 16 ಸೋಲಿನ ತಂಡದಲ್ಲಿ ಈ ಮನುಷ್ಯನೂ ಇದ್ದ! ಮೊದಲ ದಿನವೇ, ನಮ್ಮನ್ನ ಕೆಡವಿದ್ರೆ ಎದ್ದು ಬರ್ತೀವಿ, ಬರುವಾಗ ಎದುರಾಳಿಯ ಮಂಡಿಚಿಪ್ಪು ಕಚ್ಚಿಕೊಂಡು ಬರ್ತೀವಿ ಅಂದ. ದೇಶವೇ ನಕ್ಕಿತು.

ಸ್ಟ್ಯಾಫರ್ಡ್‌ನ ಲಾಸ್ ಏಂಜಲೀಸ್ ರ್‍ಯಾಮ್ಸ್‌ಗೆ ಕೊಟ್ಟು, ಅವರು ಬೇಡ ಅಂದ ಜೇರೆಡ್ ಗಾಫ್‌ನ ತಗೊಂಡ್ರು. ಜೊತೆಗೆ ಮುಂದಿನ ವರ್ಷಗಳ ಎರಡು ಮೊದಲ ಸುತ್ತಿನ ಆಯ್ಕೆ, ಒಂದು ಮೂರನೇ ಸುತ್ತಿನದ್ದು. ಸ್ಟ್ಯಾಫರ್ಡ್ ಹೋದ ಮೊದಲ ಸೀಸನ್‌ನಲ್ಲೇ ಸೂಪರ್ ಬೌಲ್ ಗೆದ್ದ. ಇತ್ತ ಲಯನ್ಸ್ ಗೆದ್ದದ್ದು 3 ಪಂದ್ಯ. 2022ರ ಅಕ್ಟೋಬರ್‌ನಲ್ಲಿ ಆರು ಪಂದ್ಯಕ್ಕೆ ಒಂದೇ ಗೆಲುವು. ಅದೇ ಹಳೇ ಲಯನ್ಸ್ ಅಂತ ಊರೆಲ್ಲ ಗೊಣಗ್ತಿದ್ದಾಗ ಮಾಲಕಿ ಪತ್ರಕರ್ತರ ಮುಂದೆ ಬಂದು ನಿಂತು, ಇವರ ಮೇಲೆ ನಂಬಿಕೆ ಇದೆ ಅಂದ್ರು.

ಅಪ್ಪನೂ ತಾಳ್ಮೆ ತೋರಿಸಿದ್ರಲ್ವಾ, ಮಗಳದ್ದೇನು ದೊಡ್ಡದು ಅಂತ ನೀವು ಕೇಳಬಹುದು. ನ್ಯಾಯವಾದ ಪ್ರಶ್ನೆ. ಅಪ್ಪ ಕಾದದ್ದು ಏನನ್ನೂ ಬದಲಿಸದೆ. ಮಗಳು ಮೊದಲು ಬದಲಿಸಿ, ಸರಿಯಾದವರನ್ನ ಕೂರಿಸಿ, ಆಮೇಲೆ ಕಾದ್ರು. ಬೀಜ ಬಿತ್ತಿ ಕಾಯೋದೂ ಕಾಯೋದೇ, ಬಂಜರು ಹೊಲದ ಬದುವಿನ ಮೇಲೆ ಕೂತು ಕಾಯೋದೂ ಕಾಯೋದೇ. ಎರಡೂ ಒಂದೇನಾ? ಆ ಸೀಸನ್‌ನ ಕೊನೇ ಹತ್ತು ಪಂದ್ಯದಲ್ಲಿ ಲಯನ್ಸ್ ಎಂಟು ಗೆದ್ದಿತು. ಮರು ವರ್ಷ 12 ಗೆಲುವು, ಮೂವತ್ತು ವರ್ಷದಲ್ಲಿ ಮೊದಲ ಬಾರಿ ತನ್ನ ವಿಭಾಗದಲ್ಲಿ ಅಗ್ರಸ್ಥಾನ.

ಆಮೇಲೆ ಬಂತು ಆ ರಾತ್ರಿ. ಫೋರ್ಡ್ ಫೀಲ್ಡ್‌ನಲ್ಲಿ ಮೊಟ್ಟಮೊದಲ ಪ್ಲೇಆಫ್ ಪಂದ್ಯ. ಎದುರಾಳಿ ಯಾರು? ಲಾಸ್ ಏಂಜಲೀಸ್. ಅವರ ಕ್ವಾರ್ಟರ್‌ಬ್ಯಾಕ್ ಯಾರು? ಅದೇ ಸ್ಟ್ಯಾಫರ್ಡ್! ಹನ್ನೆರಡು ವರ್ಷ ತಮಗಾಗಿ ಮೈ ನೋಯಿಸಿಕೊಂಡವನಿಗೆ ಅವತ್ತು ಅದೇ ಜನ ಕೂಗಿ ಕೂಗಿ ಧಿಕ್ಕಾರ ಹಾಕಿದ್ರು, ಲಾಸ್ ಏಂಜಲೀಸ್ ಬಿಸಾಕಿದ ಗಾಫ್‌ನ ಹೆಸರನ್ನ ಜಪ ಮಾಡಿದ್ರು. ಸ್ಟ್ಯಾಫರ್ಡ್ 367 ಗಜ ಎಸೆದ. ಸಾಲಲಿಲ್ಲ. 24-23. ಒಂದೇ ಒಂದು ಅಂಕ. ಅಷ್ಟಕ್ಕೆ ಆ ಮುದುಕರು ಅಳ್ತಾ ನಿಂತದ್ದು.

ಈಗ ನನ್ನ ಆ ಸಾಲಿಗೆ ಬರ್ತೀನಿ. "ಶಾಪ" ಅಂದ ತಕ್ಷಣ ಏನಾಗುತ್ತೆ ನೋಡಿ. 84 ಸೋಲಿನ ಆಡಳಿತ ಮಾಯ. ಐವತ್ತು ವರ್ಷದ ಮಾಲೀಕ ಮಾಯ. ಕಿತ್ತಳೆ ಬಣ್ಣ ತೊಟ್ಟು ಬಂದವರ ಸಿಟ್ಟೂ ಮಾಯ. ಉಳಿಯೋದು 1986ರಲ್ಲೇ ತೀರಿಕೊಂಡ ಬಾಬಿ ಲೇನ್ ಒಬ್ಬನೇ. ಸತ್ತವನು ಬಂದು ಉತ್ತರ ಕೊಡ್ತಾನಾ? ಜವಾಬ್ದಾರಿ ಇರೋರಿಗೆ ಇದಕ್ಕಿಂತ ಅನುಕೂಲ ಇನ್ನೇನು ಬೇಕು? ಶಾಪವೇ ಆಗಿದ್ರೆ 2008ಕ್ಕೆ ತೀರಬೇಕಿತ್ತು. ತೀರಲಿಲ್ಲ. ಮೇಲೆ ಕೂತವರು ಬದಲಾದ ಮೂರು ವರ್ಷಕ್ಕೆ ತೀರಿತು.

ಎಲ್ಲ ಸುಖಾಂತ್ಯ ಅಂದ್ಕೋಬೇಡಿ. ಎರಡು ವಾರ ಕಳೆದು ಸ್ಯಾನ್ ಫ್ರಾನ್ಸಿಸ್ಕೋ ತಂಡದ ಎದುರು, ಸೂಪರ್ ಬೌಲ್‌ಗೆ ಒಂದೇ ಮೆಟ್ಟಿಲು ಬಾಕಿ ಇದ್ದಾಗ, ಅರ್ಧ ಪಂದ್ಯಕ್ಕೆ 24-7ರಲ್ಲಿ ಮುಂದಿದ್ದ ಲಯನ್ಸ್ 34-31ರಲ್ಲಿ ಸೋತಿತು. ಮರು ಸೀಸನ್‌ನಲ್ಲಿ 15 ಪಂದ್ಯ ಗೆದ್ದು, ಮನೆ ಅಂಗಳದ ಪ್ಲೇಆಫ್‌ನಲ್ಲೇ ವಾಷಿಂಗ್ಟನ್ ಕೈಲಿ ಸೋತಿತು. ಅವತ್ತು ಯಾರೂ ಶಾಪ ಅನ್ನಲಿಲ್ಲ. ಕೋಚ್ ಯಾಕೆ ಹಾಗೆ ಮಾಡಿದ, ಡಿಫೆನ್ಸ್ ಎಲ್ಲಿ ಎಡವಿತು ಅಂತ ಜಗಳಾಡಿದ್ರು. ಬೈಯೋಕೆ ಎದುರಿಗೆ ಜೀವಂತ ಮನುಷ್ಯರಿದ್ರು. ತಂಡ ಸುಧಾರಿಸಿದೆ ಅನ್ನೋದಕ್ಕೆ ನನಗೆ ಅದೇ ದೊಡ್ಡ ಸಾಕ್ಷಿ.

2024ರ ಏಪ್ರಿಲ್‌ನಲ್ಲಿ ಎನ್‌ಎಫ್‌ಎಲ್‌ನ ಹೊಸ ಆಟಗಾರರ ಆಯ್ಕೆ ಸಮಾರಂಭ ಡೆಟ್ರಾಯಿಟ್‌ನಲ್ಲೇ ನಡೀತು. ಮೂರು ದಿನಕ್ಕೆ ಬಂದವರು 7 ಲಕ್ಷ 75 ಸಾವಿರ. ನಗರದ ಜನಸಂಖ್ಯೆಗಿಂತ ಹೆಚ್ಚು. ದಿವಾಳಿ ಅಂತ ಬೋರ್ಡ್ ಬಿದ್ದ ಊರಿನ ಬೀದಿಯಲ್ಲಿ ನಿಲ್ಲೋಕೆ ಜಾಗ ಇರಲಿಲ್ಲ. ಆ ಸುದ್ದಿ ಓದುವಾಗ ಡೆಸ್ಕ್‌ನ ಹುಡುಗ ಮತ್ತೆ "ಶಾಪ ಮುಕ್ತ ನಗರ" ಅಂತ ಸಾಲು ಬರೆದು ತಂದಿದ್ದ. ನಾನು ಹೊಡೆದು ಹಾಕಿ, ಬರೀ ಅಂಕಿ ಹಾಕು ಸಾಕು ಅಂದೆ.